ಒಂದೇ ಕಿವಿಯಲ್ಲಿ ಕೇಳಿದ ಆಲ್ಬಮ್

ಮೊನ್ನೆ ಮಗಳು ತನ್ನ ದೊಡ್ಡ ಹೆಡ್‌ಫೋನನ್ನು ನನ್ನ ತಲೆಗೆ ತೊಡಿಸಿ, "ಅಮ್ಮಾ, ಸುನೋ ತೋ, ಲಾಸ್‌ಲೆಸ್ ಇದು, ಒಂದು ಸದ್ದೂ ಕಳೆದಿಲ್ಲ" ಎಂದಳು. ನನ್ನ ಕೈ ತಾನಾಗಿ ಎದ್ದು ಬಲಗಿವಿಯ ಮುಚ್ಚಳವನ್ನು ಹಿಂದೆ ಸರಿಸಿತು. ಹಾಗೇಕೆ ಎಂದು ಕೇಳಿದಳು. ಅಭ್ಯಾಸ ಎಂದು ಹಾರಿಸಿದೆ. ನಿಮಗಾದರೆ ಹೇಳಬಹುದು.

ಎರಡು ಸಾವಿರದ ಇಸವಿಯ ನಂತರದ ಮಾತು. ದೆಹಲಿಯ ಕಿದ್ವಾಯಿ ನಗರದಲ್ಲಿ ನನಗೆ ಸಿಕ್ಕ ಸರ್ಕಾರಿ ಕ್ವಾರ್ಟರ್ಸಿನಲ್ಲಿ ನಾನು, ಧಾರವಾಡದ ನಮ್ಮಮ್ಮ. ಅಣ್ಣ ಸೈನ್ಯದಲ್ಲಿದ್ದ. ಗಡಿಗೆ ಹೊರಡುವ ಮುನ್ನ ತನ್ನ ಪ್ರಾಣವಾಗಿದ್ದ ಹಳೆಯ ವಿಲಾಯಿತಿ ಆಲ್ಬಮ್ಮೊಂದನ್ನು ನನ್ನ ಕಂಪ್ಯೂಟರಿಗೆ ತುಂಬಿದ. ಎಂಪಿಥ್ರೀ ಎಂದರೆ ಕೆನೆ ತೆಗೆದ ಹಾಲು, ಇದರಲ್ಲಿ ಒಂದು ಸದ್ದೂ ಕಳೆದಿಲ್ಲ, ಪೂರಾ ಕೇಳು ಎಂದು ತಾಕೀತು ಮಾಡಿದ.

ಹೋದವನ ಸುದ್ದಿಯೇ ಇಲ್ಲ. ಪೇಪರಿನಲ್ಲಿ ದಿನಾ ಗುಂಡಿನ ಸುದ್ದಿ. ಅಮ್ಮ ಗಳಿಗೆಗೊಮ್ಮೆ ರಿಸೀವರ್ ಎತ್ತಿ ಫೋನಿಗೆ ಜೀವ ಇದೆಯೇ ಎಂದು ನೋಡುವಳು, ಅಷ್ಟರಲ್ಲೇ ಅವನು ಮಾಡಿಬಿಟ್ಟರೆ ಎಂದು ಗಾಬರಿಯಲ್ಲಿ ಇಡುವಳು. ನಾನು ಹೆಡ್‌ಫೋನು ಹಾಕಿ ಎಡಗಿವಿ ಹಾಡಿಗೆ, ಬಲಗಿವಿ ಫೋನಿಗೆ ಕೊಟ್ಟು ಕೂರುತ್ತಿದ್ದೆ. ಅದು ಹಾಡೋ ಪಾತ್ರೆ ಅಂಗಡಿಯೋ ತಿಳಿಯದು. ಹಾಡಿನ ನಡುವೆಯೇ ಸೈಕಲ್ ಗಂಟೆ, ನಾಯಿ ಬೊಗಳು, ಯಾರದೋ ಕೆಮ್ಮು. ಆ ಗಂಟೆ ಕೇಳಿದಾಗಲೆಲ್ಲ ನಾನು ಫೋನೆಂದು ಎದ್ದು ಓಡುವುದು, ನನ್ನ ಹಿಂದೆ ಅಮ್ಮ. ಒಂದು ಸದ್ದೂ ಕಳೆಯದ ಆಲ್ಬಮ್ಮಿನಲ್ಲಿ ಅರ್ಧವನ್ನು ನಾನೇ ಕಳೆದೆ.

ಒಂದು ಸಂಜೆ ಫೋನು ನಿಜವಾಗಿ ರಿಂಗಾಯಿತು. ಅಮ್ಮ ಎತ್ತಿದಳು, ನಾನೂ ಪಕ್ಕದಿಂದ ಕಿವಿ ಹಚ್ಚಿದೆ. ಬರೀ ಗರಗರ, ಯಾವನೋ ಗಂಡಸು ಏನೋ ಹೇಳಿ, ಕೊನೆಗೆ "ಚಲೋ" ಎಂದದ್ದಷ್ಟೇ ಸ್ಪಷ್ಟವಾಗಿ ಕೇಳಿಸಿ, ಲೈನು ಕಟ್ಟಾಯಿತು.

"ಚಲೋ ಇದ್ದಾನಂತ" ಎಂದು ಅಮ್ಮ ಅಡುಗೆಮನೆಗೆ ಹೋಗಿ ಶಿರಾಕ್ಕೆ ರವೆ ಹುರಿಯತೊಡಗಿದಳು.

ಧಾರವಾಡದ ಚಲೋ ಎಂದರೆ ಚೆನ್ನಾಗಿ; ದೆಹಲಿಯ ಚಲೋ ಎಂದರೆ ಫೋನಿಡುತ್ತೇನೆ ಎಂದಷ್ಟೇ. ರಾಂಗ್ ನಂಬರಿನವನೂ ಅದನ್ನೇ ಹೇಳುತ್ತಾನೆ. ಹೇಳಲೋ ಬೇಡವೋ ಎಂದು ಬಾಗಿಲಲ್ಲಿ ನಿಂತೆ. ಅಮ್ಮ ಬಾಣಲೆಯಿಂದ ಕಣ್ಣೆತ್ತಲಿಲ್ಲ.

"ಇಷ್ಟು ವರ್ಷ ತರಕಾರಿ ಭಯ್ಯಾನ ಜೋಡಿ ಗುದ್ದಾಡೇನಿ, ಅದು ಯಾವ ಚಲೋ ಅಂತ ನನಗ ಗೊತ್ತಿಲ್ಲೇನು? ಇವತ್ತೊಂದಿನ ನಮ್ಮೂರಿನ ಚಲೋ ಅಂತ ತಿಳ್ಕೊಳ್ಳೋಣು. ತುಪ್ಪ ಕೊಡು."

ಫೋನಿನ ಪಕ್ಕದಲ್ಲೇ ಕೂತು ಶಿರಾ ತಿಂದೆವು. ಅಣ್ಣ ಆಮೇಲೆ ಸುಖವಾಗಿಯೇ ಬಂದ. ತಾನು ಯಾರಿಂದಲೂ ಫೋನ್ ಮಾಡಿಸಿರಲಿಲ್ಲ ಎಂದ. ಅಮ್ಮ ಅದನ್ನು ಕೇಳಿಸಿಕೊಳ್ಳದವಳಂತೆ ಎದ್ದು ಹೋದಳು.

ಅಮ್ಮ ಈಗಿಲ್ಲ. ಮೊನ್ನೆ ಮಗಳಿಗೆ ಅದೇ ಆಲ್ಬಮ್ ಹಾಕಲು ಹೇಳಿ, ಎರಡೂ ಕಿವಿ ಮುಚ್ಚಿ ಕೂತೆ. ಹಾಡಿನಲ್ಲಿ, ಬಲಗಿವಿಯ ಕಡೆ, ಒಬ್ಬಳು ಮೊದಲಿಂದಲೂ ಮೆಲ್ಲಗೆ ಗುನುಗುತ್ತಿದ್ದಳು. ನನಗೆ ಗೊತ್ತೇ ಇರಲಿಲ್ಲ. ಮುಗಿಸಿ ಎದ್ದು ಒಳಗೆ ಹೋದರೆ ನನ್ನ ಮೊಬೈಲಿನಲ್ಲಿ ಅಣ್ಣನ ಮೂರು ಮಿಸ್ಡ್ ಕಾಲ್. ಒಂದೂ ಕೇಳಿಸಿರಲಿಲ್ಲ.