ಸೋದರತ್ತೆಯನ್ನು ಕರೆತಂದ ದಿನ

ನನಗೆ ಮೊಮ್ಮಗಳು ಹುಟ್ಟಿದ್ದಾಳೆ. ಮಗ ನಾಗರಾಜನಿಗೆ ಮದುವೆಯಾಗಿ ಒಂಬತ್ತು ವರ್ಷದ ಮೇಲೆ ಹುಟ್ಟಿದ ಮೊದಲ ಮಗು. ಅಂಗೈಯಷ್ಟು ಮುಖ, ತಲೆತುಂಬ ಕೂದಲು. ನಾನು ಓದಿದ್ದು ನಾಲ್ಕನೇ ಕ್ಲಾಸಿನವರೆಗೆ ಮಾತ್ರ. ಆದರೂ ಅವಳಿಗೆ ಹೆಸರಿಟ್ಟ ದಿನ ನಾನು ಚಿಂತಾಮಣಿಯಿಂದ ಗೌರಿಬಿದನೂರಿಗೆ ಹೋಗಿ ಬಂದದ್ದನ್ನು ಬರೆದಿಡಬೇಕು ಅನ್ನಿಸಿತು.

ನಮ್ಮಲ್ಲಿ ಮಗುವಿನ ಕಿವಿಯಲ್ಲಿ ಮೊದಲು ಹೆಸರು ಹೇಳುವವಳು ಸೋದರತ್ತೆ. ನಾಗರಾಜನಿಗೆ ಇರುವವಳು ಒಬ್ಬಳೇ ಅಕ್ಕ, ನನ್ನ ಮಗಳು ಸುಶೀಲ. ಬೆಂಗಳೂರಿನಲ್ಲಿ ನರ್ಸಾಗಿದ್ದಾಗ ಅವಳು ವಾಯುಸೇನೆಯ ಮೆಕ್ಯಾನಿಕ್ ಸುರ್ಜೀತನನ್ನು ಮದುವೆಯಾದಳು. ಸಿಖ್ಖರ ಹುಡುಗ. ಸೇನೆಯ ಕೆಲಸ ಮುಗಿಸಿ ಅವನು ಪಂಜಾಬಿನ ತನ್ನ ಹಳ್ಳಿಗೆ ಹೋದ. ಅಲ್ಲಿ ಪೊಲೀಸರು ಊರೂರಿನ ಹುಡುಗರನ್ನು ಹಿಡಿದೊಯ್ಯುತ್ತಿದ್ದ ಕಾಲ ಅದು. ಅವರಲ್ಲಿ ಬಂದೂಕು ಹಿಡಿದವರೂ ಇದ್ದರು, ಏನೂ ಮಾಡದವರೂ ಇದ್ದರು. ಹೋದ ಎಷ್ಟೋ ಜನ ತಿರುಗಿ ಬರಲಿಲ್ಲ. ನನ್ನ ಮಗ ಎಲ್ಲಿದ್ದಾನೆ, ಕೋರ್ಟಿನ ಮುಂದೆ ಕರೆತನ್ನಿ ಎಂದು ಓದು ಬಾರದ ತಾಯಂದಿರಿಗೆ ಸುರ್ಜೀತ ಅರ್ಜಿ ಬರೆದುಕೊಡುತ್ತಿದ್ದ. ಎರಡು ವರ್ಷದ ಹಿಂದೆ ಒಂದು ಬೆಳಿಗ್ಗೆ ಅವನನ್ನೂ ಜೀಪಿನಲ್ಲಿ ಕೂರಿಸಿಕೊಂಡು ಹೋದರು. ಕೇಳಿದರೆ, ನಮ್ಮ ಕೈ ತಪ್ಪಿಸಿಕೊಂಡು ಓಡಿಹೋದ ಎಂದರು. ಅಷ್ಟೇ.

ಸುಶೀಲ ತನ್ನ ಅತ್ತೆಯ ಜೊತೆ ಬರುತ್ತೇನೆಂದು ಕಾಗದ ಬರೆದಾಗ ನನ್ನ ಹಿರಿಯ ಓರಗಿತ್ತಿ ರತ್ನಕ್ಕ ಮುಖ ಸಣ್ಣದು ಮಾಡಿಕೊಂಡಳು. "ಬರ್ಲಿ, ಬೇಡ ಅನ್ನಲ್ಲ. ಆದ್ರೆ ತೊಟ್ಟಿಲಿಗೆ ಮುತ್ತೈದೆ ಕೈ ಬೇಕು ಕಣೇ. ಅವಳನ್ನ ಯಾವ ಕಡೆ ನಿಲ್ಲಿಸೋದು, ನೀನೇ ಹೇಳು."

ನಾನು ಗಂಡನನ್ನು ಕಳೆದುಕೊಂಡು ಹನ್ನೊಂದು ವರ್ಷ. ನಾನು ನಿಲ್ಲುವ ಕಡೆ ಯಾವುದೆಂದು ಎಲ್ಲರಿಗೂ ಗೊತ್ತು.

ಅವರಿಬ್ಬರೂ ಗೌರಿಬಿದನೂರಿನಲ್ಲಿ ರೈಲು ಇಳಿಯುವವರಿದ್ದರು, ಕರೆತರಲು ಬೆಳಿಗ್ಗೆ ಐದೂವರೆ ಬಸ್ಸಿಗೆ ಹೊರಟೆ. ಮಾರ್ಕೆಟ್ಟಿನ ಮುಂದೆ ಟೊಮೆಟೊ ಲಾರಿಗಳು ಆಗಲೇ ಸಾಲಾಗಿ ನಿಂತಿದ್ದವು. ಕಿಟಕಿಯ ಗಾಜು ಮುಚ್ಚುತ್ತಿರಲಿಲ್ಲ, ಸೆರಗನ್ನು ಕಿವಿಗೆ ಸುತ್ತಿಕೊಂಡೆ. ಕಂಡಕ್ಟರ್ ಎಲ್ಲಿಗೆ ಅಂದ.

"ಮೊಮ್ಮಗಳು ಹುಟ್ಟವಳಪ್ಪ. ಇವತ್ತು ಹೆಸರಿಡೋದು."

"ಸಂತೋಷ ಅಜ್ಜಿ. ಆ ಊರಿಗೆ ನಮ್ಮ ಬಸ್ಸು ಹೋಗಲ್ಲ. ಚಿಕ್ಕಬಳ್ಳಾಪುರಕ್ಕೆ ಕೊಡ್ಲಾ?"

ಬಸ್ಸಿನಲ್ಲಿದ್ದವರೆಲ್ಲ ನಕ್ಕರು. ನಾನೂ ನಕ್ಕೆ. ಚಿಕ್ಕಬಳ್ಳಾಪುರದಲ್ಲಿ ಎರಡು ಇಡ್ಲಿ ತಿಂದು ಬಸ್ಸು ಬದಲಾಯಿಸಿದೆ. ಮಂಜಿನಲ್ಲಿ ನಂದಿಬೆಟ್ಟ ಕಾಣಲೇ ಇಲ್ಲ. ಗೌರಿಬಿದನೂರಿನಲ್ಲಿ ಇಳಿದಾಗ ಒಂಬತ್ತೂವರೆ. ಬಸ್ ಸ್ಟ್ಯಾಂಡಿನಲ್ಲಿ ನಡುನಡುವೆ ಮರುಗ ಸೇರಿಸಿ ಕಟ್ಟಿದ ಸೇವಂತಿಗೆ ಹೂವನ್ನು ಒಂದು ಮೊಳ ಕೊಂಡೆ. ಮಗಳನ್ನು ಕರೆಯಲು ಹೋಗುವಾಗ ಕೈ ತಾನಾಗಿ ಹೂವಿನ ಕಡೆ ಹೋಗುತ್ತದೆ.

ಅಲ್ಲಿಂದ ರೈಲ್ವೆ ಸ್ಟೇಷನ್ನಿಗೆ ಹೋದೆ. ಅವರು ಗುಂತಕಲ್ಲಿನಲ್ಲಿ ಇಳಿದು ಪ್ಯಾಸೆಂಜರ್ ಗಾಡಿ ಹಿಡಿದಿದ್ದರು. ಅದು ಒಂದು ಗಂಟೆ ತಡವಾಗಿ ಬಂತು. ಮೊದಲು ಇಳಿದವರು ಬೀಗಿತ್ತಿ. ಸುಶೀಲ ಅವರನ್ನು ಬೀಜಿ ಅನ್ನುತ್ತಾಳೆ, ನಾನೂ ಹಾಗೇ ಅನ್ನುತ್ತೇನೆ. ಎತ್ತರದ ಹೆಂಗಸು, ತಲೆಯ ಮೇಲೆ ಬಿಳಿ ದುಪಟ್ಟ. ನನ್ನ ಎರಡೂ ಕೈ ಹಿಡಿದುಕೊಂಡರು, ಬಿಡಲಿಲ್ಲ. ಹಿಂದೆಯೇ ಸುಶೀಲ. ಮೂವತ್ತೈದಕ್ಕೇ ಮುಂದಲೆ ನರೆತಿತ್ತು. ಕೈಯಲ್ಲಿ ಎರಡೆರಡು ಗಾಜಿನ ಬಳೆ. ಹಣೆ ಖಾಲಿ. ನಾನು ಚೀಲದೊಳಗೆ ಹಾಕಿದ ಕೈಯನ್ನು ಹಾಗೇ ತೆಗೆದೆ. ಮಗಳಿಗೆ ಹೂ ಮುಡಿಸಲು ಯಾವ ತಾಯಿ ಯೋಚನೆ ಮಾಡುತ್ತಾಳೆ? ನಾನು ಮಾಡಿದೆ.

"ದಾರೀಲಿ ತೊಂದ್ರೆ ಆಯ್ತಾ?" ಅಂದೆ.

"ದಿಲ್ಲೀಲಿ ಗಾಡಿ ಬದಲಾಯಿಸೋವರೆಗೂ ಬೀಜಿ ತಲೆ ಎತ್ತಲಿಲ್ಲ. ಎಂಬತ್ನಾಲ್ಕರಲ್ಲಿ ಸಿಖ್ಖರನ್ನ ಕೊಂದ ಗಲಾಟೇಲಿ ಅವರ ತಮ್ಮನ್ನ ಸುಟ್ಟಿದ್ದು ಆ ಊರಲ್ಲೇ ಅಲ್ವಾ."

ಮಂಚೇನಹಳ್ಳಿಯಲ್ಲಿ ಬಸ್ಸು ಟೀಗೆ ನಿಂತಿತು. ಬೀಜಿ ಕಿಟಕಿಗೆ ಒರಗಿ ಕಣ್ಣು ಮುಚ್ಚಿದ್ದರು. ಸುಶೀಲ ಲೋಟ ಹಿಡಿದುಕೊಂಡು ಹೇಳಿದಳು, "ಆಗಿನಿಂದ ನನ್ನ ಹಣೇನೇ ನೋಡ್ತಾ ಇದೀಯ ಅಮ್ಮ."

"ನೋಡ್ದೆ. ರತ್ನಕ್ಕ ಕೇಳ್ತಾವಳೆ, ಏನು ಹೇಳ್ಲಿ?"

"ಅವರಿಗೇನು, ಎಲ್ಲರೂ ಕೇಳ್ತಾರೆ. ಬಳೆ ಇದ್ರೆ ಪೊಲೀಸ್ನೋರು ಬಂದು, ಗಂಡ ಕದ್ದು ಬಂದು ಹೋಗ್ತಾನಾ, ಎಲ್ಲಿ ಬಚ್ಚಿಟ್ಟಿದೀಯ ಅಂತಾರೆ. ತೆಗೆದಿಟ್ರೆ ನಾವು ಹಾಕಿರೋ ಕೇಸಲ್ಲಿ ಸರ್ಕಾರದ ವಕೀಲ, ಹೆಂಡತೀನೇ ಸತ್ತ ಅಂತ ಒಪ್ಪಿಕೊಂಡವಳೆ, ಇನ್ಯಾರನ್ನ ಹುಡುಕೋದು ಅಂತಾನೆ. ಕೊನೇ ಪ್ರಾರ್ಥನೆ ಮಾಡಿಸಿಬಿಡಿ ಅಂತ ನೆಂಟರು ಬೀಜೀಗೆ ಹೇಳಿದ್ರು. ಅವರು ಒಪ್ಪಲಿಲ್ಲ."

"ಕುಂಕುಮ ಯಾಕೆ ಬಿಟ್ಟೆ ಹಂಗಾದ್ರೆ?"

"ಬಿಡ್ಲಿಲ್ಲ. ಕನ್ನಡಿ ಮುಂದೆ ನಿಂತ್ರೆ ಕೈ ಮೇಲಕ್ಕೆ ಹೋಗಲ್ಲ, ಅಷ್ಟೆ."

ಟೀ ತಣ್ಣಗಾಗಿತ್ತು. ಅವಳು ಅದನ್ನೇ ಕುಡಿದಳು.

ಚಿಕ್ಕಬಳ್ಳಾಪುರದಿಂದ ಶಿಡ್ಲಘಟ್ಟದ ಬಸ್ಸು. ರೇಷ್ಮೆಗೂಡಿನ ಚೀಲಗಳ ನಡುವೆ ಕಾಲಿಡಲು ಜಾಗವಿರಲಿಲ್ಲ. ಬೀಜಿಯ ಪಕ್ಕದಲ್ಲಿ ಜೈನಾಬಿ ಎನ್ನುವ ಹೆಂಗಸು ಕೂತಿದ್ದಳು. ಬೇಯಿಸಿದ ಗೂಡಿನಿಂದ ನೂಲು ಬಿಚ್ಚುವ ಕೆಲಸದವಳು, ಬೆರಳೆಲ್ಲ ಬಿಸಿನೀರಿಗೆ ಬೆಳ್ಳಗೆ ಸುಕ್ಕಾಗಿದ್ದವು. ಅವಳು ಉರ್ದುವಿನಲ್ಲಿ ಯಾವ ಊರು ಅಂದಳು. ಬೀಜಿ ಉತ್ತರ ಹೇಳಿದರು. ಆಮೇಲೆ ಮಾತು ನಿಲ್ಲಲೇ ಇಲ್ಲ. ನನಗೆ ಒಂದು ಮಾತೂ ತಿಳಿಯಲಿಲ್ಲ. ಜೈನಾಬಿ ಮಾತ್ರ ತನ್ನ ಬೆಳ್ಳನೆಯ ಕೈಯಿಂದ ಬೀಜಿಯ ಮಂಡಿ ಸವರುತ್ತಿದ್ದಳು. ನನ್ನ ಪಕ್ಕದಲ್ಲಿ ಸುಶೀಲ ಕಲ್ಲಿನ ಹಾಗೆ ಕೂತಿದ್ದಳು.

"ಏನಂತೆ?" ಅಂದೆ.

"ಬೀಜಿ ಸುಡುಗಾಡಿಗೆ ಹೋಗಿದ್ರಂತೆ. ಪೊಲೀಸ್ನೋರು ಹೆಸರಿಲ್ಲದ ಹೆಣ ತಂದು ಸುಡ್ತಾರಲ್ಲ, ಅಲ್ಲಿಗೆ. ನನಗೆ ಹೇಳೇ ಇಲ್ಲ. ನನ್ನ ಮಗನ್ನ ನೋಡಿದ್ಯಾ ಅಂತ ಅಲ್ಲಿಯವನನ್ನ ಕೇಳಿದ್ರಂತೆ. ನಾನು ಸೌದೆ ನೋಡ್ತೀನಿ ತಾಯಿ, ಮುಖ ನೋಡಲ್ಲ ಅಂದನಂತೆ."

ಶಿಡ್ಲಘಟ್ಟದಲ್ಲಿ ಇಳಿಯುವಾಗ ಜೈನಾಬಿ ನನ್ನ ಕಡೆ ತಿರುಗಿ ಕನ್ನಡದಲ್ಲಿ ಹೇಳಿದಳು, "ಇವ್ರಿಗೆ ಬಿಸಿಬಿಸಿಯಾಗಿ ಏನಾದ್ರೂ ಉಣ್ಣಕ್ಕಿಡಮ್ಮ. ಮೂರು ದಿನದಿಂದ ಬರೀ ಚಾ ಕುಡಿದವ್ರೆ."

ಅಲ್ಲಿಂದ ಚಿಂತಾಮಣಿಯ ಬಸ್ಸು ಹತ್ತಿದೆವು. ಊರು ಹತ್ತಿರ ಬಂದಾಗ ಸುಶೀಲ, "ಮರುಗದ ವಾಸನೆ," ಅಂದಳು. ನಾನು ಚೀಲವನ್ನು ಸೀಟಿನ ಕೆಳಗೆ ತಳ್ಳಿದೆ.

ಮನೆ ಮುಟ್ಟಿದಾಗ ಮೂರೂವರೆ. ದೀಪ ಹಚ್ಚುವ ಹೊತ್ತಿಗೆ ತೊಟ್ಟಿಲ ಶಾಸ್ತ್ರ. ರತ್ನಕ್ಕ ಕುಂಕುಮದ ತಟ್ಟೆ ಹಿಡಿದು ಬಂದಿದ್ದ ಹೆಂಗಸರಿಗೆಲ್ಲ ಕೊಟ್ಟುಕೊಂಡು ಬಂದಳು. ಸುಶೀಲಳ ಮುಂದೆ ಬಂದು ನಿಂತಳು. ತಟ್ಟೆಯನ್ನು ಮುಂದೆ ಚಾಚಲೂ ಇಲ್ಲ, ಹಿಂದೆ ತೆಗೆಯಲೂ ಇಲ್ಲ. ನಾನು ಬಾಗಿಲ ಹತ್ತಿರ ನಿಂತಿದ್ದೆ.

ಬೀಜಿಗೆ ನಮ್ಮ ಭಾಷೆ ಬರುವುದಿಲ್ಲ. ಆದರೂ ಎದ್ದು ಬಂದರು. ತಟ್ಟೆಯಲ್ಲಿ ಬೆರಳದ್ದಿ ಸೊಸೆಯ ಹಣೆಗೆ ಇಟ್ಟರು. ರತ್ನಕ್ಕನ ಮುಖ ನೋಡಿ ನಾಲ್ಕು ಮಾತು ಹೇಳಿದರು.

"ಏನಂದ್ರು ಕಣೇ?" ಅಂದಳು ರತ್ನಕ್ಕ.

"ಕರ್ಕೊಂಡು ಹೋದವ್ರು ಉತ್ತರ ಕೊಡೋ ತನಕ ಇವಳು ನನ್ನ ಮಗನ ಹೆಂಡ್ತಿ ಅಂತವ್ರೆ," ಅಂದಳು ಸುಶೀಲ. ಆಮೇಲೆ ಬಾಗಿಲ ಕಡೆ ತಿರುಗಿದಳು. "ಅಮ್ಮ, ತೊಟ್ಟಿಲ ಆ ಕಡೆ ನೀನು ನಿಂತ್ಕೊ. ಮಗೂನ ತೊಗೋ. ಆ ಹೂ ಎಲ್ಲಿ? ಬೆಳಿಗ್ಗೆಯಿಂದ ಬಚ್ಚಿಟ್ಟುಕೊಂಡು ತಿರುಗ್ತಾ ಇದೀಯಲ್ಲ."

ಹೂ ಬಾಡಿತ್ತು. ಅದನ್ನೇ ಮುಡಿಸಿದೆ. ಗಂಡನಿಲ್ಲದ ನಾನು ತೊಟ್ಟಿಲ ಹತ್ತಿರ ಹೋಗಲೋ ಬೇಡವೋ ಎಂದು ರತ್ನಕ್ಕನ ಮುಖ ನೋಡಿದೆ. ಅವಳು ಗದರಿದಳು. "ನನ್ನೇನು ನೋಡ್ತೀಯ? ಕತ್ತಿನ ಕೆಳಗೆ ಕೈ ಕೊಟ್ಟು ಹಿಡ್ಕೊಳೇ."

ತೊಟ್ಟಿಲ ಕೆಳಗಿಂದ ಸುಶೀಲ ಮೂರು ಸಲ ಮಗುವನ್ನು ನನ್ನ ಕೈಗೆ ಕೊಟ್ಟಳು. ಮೂರು ಸಲ ನಾನು ಮೇಲಿಂದ ಅವಳ ಕೈಗೆ ಕೊಟ್ಟೆ. ಆಮೇಲೆ ಅವಳು ಬಗ್ಗಿ ಕಿವಿಯಲ್ಲಿ ಲಲಿತಾ ಎಂದಳು. ಮಗು ಆಕಳಿಸಿತು.

ಬಂದವರು ಹೋದ ಮೇಲೆ ಮನೆಯವರೆಲ್ಲ ನಡುಮನೆಯಲ್ಲಿ ಸುತ್ತ ಕೂತು ಉಂಡೆವು. ಮುದ್ದೆ, ಹಿದುಕಿದ ಅವರೆಕಾಳಿನ ಸಾರು. ಬೀಜಿ ಮುದ್ದೆಯನ್ನು ರೊಟ್ಟಿಯ ಹಾಗೆ ಅಗಿಯತೊಡಗಿದರು. ಹಲ್ಲಿಗೆಲ್ಲ ಅಂಟಿಕೊಂಡಿತು. ನಾಗರಾಜ ನುಂಗುವುದನ್ನು ಮಾಡಿ ತೋರಿಸಿದ, ಎಲ್ಲರೂ ನಕ್ಕೆವು. ಬೀಜಿಯೂ ನಕ್ಕರು. ನಗು ನಿಂತ ಮೇಲೆ ಸುಶೀಲಳನ್ನು ಏನೋ ಕೇಳಿದರು.

ಸುಶೀಲ ತಟ್ಟೆ ನೋಡಿಕೊಂಡೇ ಹೇಳಿದಳು, "ಈ ಸಾರು ಹೆಂಗೆ ಮಾಡೋದು ಅಂತ. ನಮ್ಮನೆಯವರು ಇಲ್ಲಿ ತಿಂದಿದ್ದನ್ನ ಊರಲ್ಲಿ ಹೇಳ್ತಾನೇ ಇದ್ರಂತೆ. ಅವರು ತಿರುಗಿ ಬಂದಾಗ ಮಾಡಿಕೊಡಬೇಕಂತೆ."

ನಾನು ಕಾಳು ನೆನೆಹಾಕುವುದರಿಂದ ಶುರು ಮಾಡಿದೆ. ಸಿಪ್ಪೆ ಹಿದುಕುವುದು, ಮಸಾಲೆ ರುಬ್ಬುವುದು, ಎಷ್ಟು ಕುದಿಯಬೇಕು ಅನ್ನುವುದು, ಎಲ್ಲ ನಿಧಾನವಾಗಿ ಹೇಳಿದೆ. ಸುಶೀಲ ಒಂದನ್ನೂ ಬಿಡದೆ ಅವರ ಮಾತಿನಲ್ಲಿ ತಿಳಿಸಿದಳು. ಬೀಜಿ ತಲೆಯಾಡಿಸುತ್ತ ಕೇಳಿದರು. ರತ್ನಕ್ಕ ಎದ್ದು ಎಲ್ಲರ ತಟ್ಟೆಗೂ ಇನ್ನೊಂದು ಸೌಟು ಸಾರು ಬಡಿಸಿದಳು.