ಪುಸ್ತಕ ಬರುವವರೆಗೆ ಪೇಟ ಇಲ್ಲ

ಕ್ವಾಲಾಲಂಪುರಕ್ಕೆ ಕರ್ನಾಟಕದ ನಾಯಕರು ಬಂದರೆ ನಮ್ಮ ಕನ್ನಡ ಬಳಗದ್ದು ಒಂದೇ ಪದ್ಧತಿ: ಇಲ್ಲಿನ ಭಾರತೀಯರ ಬಡಾವಣೆ ಬ್ರಿಕ್‌ಫೀಲ್ಡ್ಸ್‌ನಲ್ಲಿ ಕಟ್ಟಿಸಿದ ಹಾರ, ಶಾಲು, ಹಣ್ಣಿನ ಬುಟ್ಟಿ, ಕೊನೆಗೆ ಮೈಸೂರು ಪೇಟ. ಹಿರಿಯಳೆಂದು ಪೇಟ ತೊಡಿಸುವ ಕೆಲಸ ನನ್ನದು. ಅವರು ತಿರುಗಿ ಕೊಡುವುದೂ ಒಂದೇ, ಭರವಸೆ. ಮಾಂಟ್ ಕಿಯಾರಾದ ನಮ್ಮ ಅಪಾರ್ಟ್‌ಮೆಂಟಿನ ಹಾಲ್‌ನಲ್ಲಿ ನಾನು ಶನಿವಾರ ಮಕ್ಕಳಿಗೆ ಕನ್ನಡ ಕಲಿಸುತ್ತೇನೆ. ಆ ಮಕ್ಕಳಿಗೆ ಪಠ್ಯಪುಸ್ತಕ ಕಳಿಸುತ್ತೇವೆಂದು ಇಬ್ಬರು ನಾಯಕರು ಹೇಳಿ, ಪೇಟ ತೊಟ್ಟು, ಫೋಟೊ ತೆಗೆಸಿಕೊಂಡು ಹೋದರು. ಪುಸ್ತಕ ಬರಲಿಲ್ಲ. ನಾವು ಮಸುಕು ಜೆರಾಕ್ಸ್‌ನಲ್ಲೇ ಓದುತ್ತಿದ್ದೆವು.

ಈ ನಡುವೆ ನಮ್ಮ ತರಗತಿಯ ಹೊತ್ತಿಗೇ ಪಕ್ಕದ ಕೋಣೆಯಲ್ಲಿ ಮ್ಯಾಂಡರಿನ್ ತರಗತಿ ಶುರುವಾಯಿತು. ಅಲ್ಲಿ ಬಣ್ಣಬಣ್ಣದ ಪುಸ್ತಕಗಳು. ನನ್ನ ತರಗತಿಯ ಮಕ್ಕಳು ಒಬ್ಬೊಬ್ಬರಾಗಿ ಆ ಕಡೆ ಹೋದರು.

"ಬೇಜಾರ್ ಮಾಡ್ಕೋಬೇಡಿ ಲಾ, ಆಂಟಿ. ಅಮೆರಿಕದ ಕಾಲ ಮುಗೀತು, ಇನ್ನೇನಿದ್ರೂ ಚೀನಾ. ಕನ್ನಡ ಕಲಿತು ಇವ್ರೇನ್ ಮಾಡ್ತಾರೆ?" ಎಂದಳು ಒಂದು ಮಗುವಿನ ತಾಯಿ, ಇಲ್ಲಿಯವರ ಹಾಗೆ ಮಾತಿಗೊಂದು 'ಲಾ' ಸೇರಿಸಿ.

ನನಗೆ ಮೈಯೆಲ್ಲ ಉರಿಯಿತು. ಯಾವ ದೇಶ ಮೇಲೆದ್ದರೂ ಅಜ್ಜಿಯ ಜೊತೆ ಮಾತಾಡಲು ಅಜ್ಜಿಯ ಭಾಷೆಯೇ ಬೇಕಲ್ಲ!

ಮೂರನೆಯ ನಾಯಕರು ಬಂದದ್ದು ಆಗಲೇ, ಊರಿನಲ್ಲಿ ಚುನಾವಣೆ ಹತ್ತಿರವಿದ್ದಾಗ.

"ಇಡೀ ಜಗತ್ತು ಈಗ ನಮ್ಮ ಕಡೆ ನೋಡ್ತಿದೆ! ನಾವು ಗೆದ್ದ ಮಾರನೇ ದಿನವೇ ನಿಮ್ಮ ಮಕ್ಕಳಿಗೆ ಪುಸ್ತಕ!" ಎಂದು ಭಾಷಣ ಮುಗಿಸಿದರು. ಚಪ್ಪಾಳೆಯೋ ಚಪ್ಪಾಳೆ. ಮೂಗಿಗೆ ತುಪ್ಪ ಸವರುವುದಕ್ಕೂ ಒಂದು ಮಿತಿ ಬೇಡವೇ?

ಪೇಟ ಹಿಡಿದು ವೇದಿಕೆ ಹತ್ತಿದೆ. ಅವರು ಅಭ್ಯಾಸಬಲದಿಂದ, ಕ್ಯಾಮೆರಾದತ್ತ ನಗುತ್ತಲೇ ತಲೆ ಬಗ್ಗಿಸಿದರು. ನಾನು ತೊಡಿಸಲಿಲ್ಲ.

"ಅಕ್ಕಾ, ಹಾಕಿ," ಬಳಗದ ಅಧ್ಯಕ್ಷರು ಪಿಸುಗುಟ್ಟಿದರು.

"ಯಾಕ್ ತಾಯಿ?" ನಾಯಕರು ಬಗ್ಗಿದಲ್ಲಿಂದಲೇ ಕೇಳಿದರು.

"ಮೊದ್ಲು ಪುಸ್ತಕ ಬರ್ಲಿ ಸರ್. ಪೇಟ ಎಲ್ಲೂ ಹೋಗಲ್ಲ."

ಪೇಟವನ್ನು ಬಗಲಲ್ಲಿಟ್ಟುಕೊಂಡು ಇಳಿದುಬಂದೆ. ಊಟಕ್ಕೆ ಯಾರೂ ನನ್ನ ಪಕ್ಕ ಕೂರಲಿಲ್ಲ. ಕೂರದಿದ್ದರೆ ಬೇಡ, ನಾನು ಬಿಸಿಬೇಳೆಬಾತ್ ಎರಡನೇ ಸಲವೂ ಹಾಕಿಸಿಕೊಂಡೆ.

ಚುನಾವಣೆಯಲ್ಲಿ ಆ ನಾಯಕರು ಗೆದ್ದರು. ಪುಸ್ತಕ ಇನ್ನೂ ಬಂದಿಲ್ಲ. ತರಗತಿಯಲ್ಲಿ ಉಳಿದಿರುವವರು ಮೂವರೇ. ಜೆರಾಕ್ಸ್ ಹಾಳೆಯನ್ನು ತಪ್ಪಿಲ್ಲದೆ ಓದಿದವರಿಗೆ ಈಗ ಆ ಪೇಟ ತೊಡಿಸುತ್ತೇನೆ. ಕಳೆದ ಶನಿವಾರ ಪೂರ್ತಿ ಪುಟ ಓದಿದ ಹುಡುಗಿಗೆ ಅದು ಮೂಗಿನವರೆಗೂ ಇಳಿಯಿತು.

"ಆಂಟಿ, ಟೂ ಬಿಗ್ ಲಾ!" ಎಂದಳು.

"ಇರ್ಲಿ ಬಿಡು, ತಲೆ ಬೆಳೆಯುತ್ತೆ" ಎಂದೆ. ಪಕ್ಕದ ಕೋಣೆಗೂ ಕೇಳಿಸಲಿ ಎಂದು ಜೋರಾಗಿಯೇ ಹೇಳಿದೆ.