ಎಂಟು ಕುಳಿ, ಏಳು ಸದ್ದು

ನಮ್ಮ ಬಾವಿ ಆಳ ಮಾಡಿಸುವಾಗ ಬಂಡೆಗೆ ಮದ್ದಿಡಲು ಮಧುಗಿರಿ ಕಡೆಯಿಂದ ಒಬ್ಬಾತ ಬರುತ್ತಿದ್ದ. ಬಂಡೆಯಲ್ಲಿ ಕೊರೆದ ಕುಳಿಗಳಿಗೆ ಮದ್ದು ತುಂಬಿ, ಬತ್ತಿ ಹಚ್ಚಿ ಮೇಲೆ ಬಂದವನು ಕಣ್ಣು ಮುಚ್ಚಿ ನಿಲ್ಲುತ್ತಿದ್ದ. ಒಂದೊಂದು ಸದ್ದಿಗೂ ಒಂದೊಂದು ಬೆರಳು ಮಡಚುತ್ತಿದ್ದ. ಕುಳಿಗೂ ಬೆರಳಿಗೂ ತಾಳೆಯಾದರೆ ಆಳುಗಳಿಗೆ, "ಲೆಕ್ಕ ಸರಿ ಐತೆ, ಇಳೀರಿ" ಎಂದು ಬೀಡಿ ಹಚ್ಚುತ್ತಿದ್ದ.

ಒಂದು ದಿನ ಎಂಟು ಕುಳಿಗೆ ಏಳೇ ಸದ್ದು ಕೇಳಿತು. ಒಂದರಲ್ಲಿ ಮದ್ದು ಹಾಗೇ ಉಳಿದಿದೆ ಎಂದರ್ಥ. ಬಹಳ ಹೊತ್ತು ಕಾದು, ಸೀಮೆಸುಣ್ಣ ಹಿಡಿದು ಆತನೊಬ್ಬನೇ ಇಳಿದ. ಸಿಡಿದ ಕುಳಿಗೆ ಗೀಟು ಹಾಕಿ ಮುಂದಿನದಕ್ಕೆ ಹೋಗುತ್ತಿದ್ದ.

ಐದು ಗೀಟಾದಾಗ ನಮ್ಮಪ್ಪ, "ಐದು ಖಾಲಿ ಬಂತಲ್ಲ, ಇನ್ನೇನು ಭಯ ಬುಡು" ಎಂದು ಕೂಗಿದರು.

"ಮೊದ್ಲು ಎಂಟ್ರಾಗೆ ಒಂದಿತ್ತು ಯಜಮಾನ್ರೆ, ಈಗ ಮೂರ್ರಾಗೆ ಒಂದು," ಎಂದಿತು ಕೆಳಗಿನ ದನಿ. "ಭಯ ಬೆಳೀತಾ ಐತೆ."

ಆರನೆಯದೂ ಏಳನೆಯದೂ ಸಿಡಿದಿದ್ದವು. ಮದ್ದು ಉಳಿದಿರುವುದು ಎಂಟನೆಯದರಲ್ಲೇ, ಇನ್ನು ಅನುಮಾನವೇ ಇರಲಿಲ್ಲ. ನಾನು ಅಪ್ಪನ ತೋಳು ಹಿಡಿದುಕೊಂಡೆ. ಆತ ಎಂಟನೆಯದರ ಮುಂದೆ ಮಂಡಿಯೂರಿ ಬಗ್ಗಿದ.

ಅದೂ ಸಿಡಿದಿತ್ತು. ಎರಡು ಕುಳಿ ಒಟ್ಟಿಗೇ ಸಿಡಿದು ಒಂದೇ ಸದ್ದಾಗಿ ಕೇಳಿಸಿದ್ದವು.

ಅಪ್ಪ ಜೋರಾಗಿ ನಕ್ಕುಬಿಟ್ಟರು. ಮೇಲೆ ಬಂದ ಆತ ನಗಲಿಲ್ಲ. ಬೀಡಿ ಹಚ್ಚಲು ಹೋದ. ಗೀರಿದ ಕಡ್ಡಿಯನ್ನು ಬೀಡಿಗೆ ತಾಗಿಸದೆ ಊದಿ ಆರಿಸಿದ.

"ಇವತ್ತು ಕಿವಿ ಒಂದು ಕಮ್ಮಿ ಎಣಿಸ್ತು ಕಣಮ್ಮ," ಎಂದ ನನ್ನ ಕಡೆ ತಿರುಗಿ. "ನಾಳೆ ಒಂದು ಜಾಸ್ತಿ ಎಣಿಸಿ, ನಾನು ಇಳೀರಿ ಅಂದ್ಬುಟ್ರೆ?"